ನಿಲ್ಲದ ಸುಳಿ

ನನ್ನ ತಂಗಿಯ ಮಗಳು ಎಂಟನೇ ಕ್ಲಾಸಿನ ಬೇಸಿಗೆ ರಜೆಗೆ ನಮ್ಮ ಮನೆಗೆ ಬಂದವಳು ಒಂದು ಕಥೆ ಬರೆಯತೊಡಗಿದಳು. ಇನ್ನೂರು ಪುಟದ ನೋಟ್‌ಬುಕ್ಕು, ಮೊದಲ ಪುಟದಲ್ಲೇ ನಕಾಶೆ. ನಡುವೆ ಬೆಟ್ಟಗಳ ರಾಜ್ಯ, ಸುತ್ತಲೂ ಸಮುದ್ರ, ಸಮುದ್ರದ ಮೇಲೆ ನೀಲಿ ಪೆನ್ನಿನಿಂದ ಹಾಳೆ ಹರಿಯುವಷ್ಟು ಸಲ ಸುತ್ತಿ ಸುತ್ತಿ ಗೀಚಿದ ಬಿರುಗಾಳಿ. ಆ ಗಾಳಿ ಮುನ್ನೂರು ವರ್ಷದಿಂದ ನಿಂತಿಲ್ಲ, ಒಬ್ಬ ಮುದುಕಿಯ ಶಾಪ ಅದು. ಹೊರಗಿನ ಹಡಗು ಒಳಗೆ ಬರುವಂತಿಲ್ಲ, ಒಳಗಿನವರು ಹೊರಗೆ ಹೋಗುವಂತಿಲ್ಲ. ನಾಲ್ಕು ಪುಟ ಬರೆದ ಮೇಲೆ ಅವಳಿಗೇ ಅನುಮಾನ ಬಂತು.

"ದೊಡ್ಡಮ್ಮ, ಶಾಪ ಗೀಪ ಏನೂ ಇಲ್ದೆ ಹೀಗೆ ಆಗೋಕೆ ಸಾಧ್ಯನಾ?"

ಉತ್ತರ ಹೇಳುವ ಮೊದಲು ಅವಳನ್ನು ಅಡುಗೆಮನೆಗೆ ಕರೆದುಕೊಂಡು ಹೋದೆ. ಅಗಲ ಬಾಯಿಯ ಸ್ಟೀಲ್ ಪಾತ್ರೆಗೆ ಮುಕ್ಕಾಲು ನೀರು ತುಂಬಿ, ಮೇಲೆ ಒಂದು ಚಿಟಿಕೆ ಮೆಣಸಿನ ಪುಡಿ ಉದುರಿಸಿದೆವು. ಅವಳು ಸೌಟಿನಿಂದ ನೀರನ್ನು ಗರಗರ ತಿರುಗಿಸಿ, ಸೌಟನ್ನು ಮೇಲಕ್ಕೆತ್ತಿದಳು. ಪುಡಿ ಓಡತೊಡಗಿತು. ಪಾತ್ರೆಯ ಗೋಡೆಗೆ ತಾಗಿದ್ದ ಕಣಗಳು ಮೊದಲು ಸುಸ್ತಾದವು. ನಡುವಿನವು ಇನ್ನೂ ಕೆಲವು ಸುತ್ತು ಹೊಡೆದವು. ನೋಡನೋಡುತ್ತಿದ್ದಂತೆ ಅವೂ ತೂಕಡಿಸಿದಂತಾಗಿ, ಎಲ್ಲವೂ ಸುಮ್ಮನೆ ತೇಲತೊಡಗಿದವು. ಅವಳು ಎಣಿಸುತ್ತಿದ್ದಳು, ಲೆಕ್ಕ ನೂರು ಮುಟ್ಟಲಿಲ್ಲ.

ಸುಳಿ ಯಾಕೆ ಸತ್ತಿತು? ನೀರು ಗೋಡೆಗೆ ಉಜ್ಜಿತು, ತಳಕ್ಕೆ ಉಜ್ಜಿತು, ತನ್ನ ಪಕ್ಕದ ನೀರಿಗೇ ಉಜ್ಜಿತು. ಉಜ್ಜಿದಲ್ಲೆಲ್ಲ ಓಟ ಒಂದಿಷ್ಟು ಸವೆದು, ಕೈಗೆ ತಿಳಿಯದಷ್ಟು ಸಣ್ಣ ಬಿಸಿಯಾಗಿ ಚದುರಿತು. ಸೌಟು ತಿರುಗುತ್ತಲೇ ಇದ್ದಿದ್ದರೆ ಸುಳಿಯೂ ಬದುಕುತ್ತಿತ್ತು. ಅಂದರೆ ಯಾವ ಬಿರುಗಾಳಿಯ ಆಯುಸ್ಸನ್ನು ತಿಳಿಯಬೇಕಾದರೂ ಎರಡು ಪ್ರಶ್ನೆ ಸಾಕು: ಅದಕ್ಕೆ ಊಟ ಎಲ್ಲಿಂದ ಬರುತ್ತಿದೆ? ಅದು ಸವೆಯುತ್ತಿರುವುದು ಎಲ್ಲಿ? ಅವಳು ಎರಡನ್ನೂ ನೋಟ್‌ಬುಕ್ಕಿನ ಕೊನೇ ಪುಟದಲ್ಲಿ ಬರೆದುಕೊಂಡಳು. ಈ ಅಧ್ಯಾಯ ಆ ಎರಡು ಸಾಲುಗಳ ಬೆನ್ನು ಹತ್ತಿ ಹೋದದ್ದು.

ಮೊದಲು ನಮ್ಮ ಸಮುದ್ರಗಳ ಚಂಡಮಾರುತವನ್ನೇ ನೋಡೋಣ. ಅದರ ಊಟ ಬೆಚ್ಚಗಿನ ಕಡಲ ನೀರು. ಮೇಲ್ಮೈ ನೀರು ಸುಮಾರು 26–27 ಡಿಗ್ರಿಗಿಂತ ಬಿಸಿಯಿದ್ದರೆ ಆವಿ ಹೇರಳವಾಗಿ ಏಳುತ್ತದೆ. ಮೇಲೇರಿದ ಆವಿ ತಣಿದು ಹನಿಯಾಗುವಾಗ, ಆವಿಯಾಗಲು ತೆಗೆದುಕೊಂಡಿದ್ದ ಶಾಖವನ್ನು ಗಾಳಿಗೆ ಬಿಟ್ಟುಕೊಡುತ್ತದೆ. ಗಾಳಿ ಇನ್ನಷ್ಟು ಬಿಸಿಯಾಗಿ ಇನ್ನಷ್ಟು ಮೇಲೇರುತ್ತದೆ. ಕೆಳಗೆ ತೆರವಾದ ಜಾಗಕ್ಕೆ ಸುತ್ತಲಿನ ಗಾಳಿ ನುಗ್ಗುತ್ತದೆ. ನುಗ್ಗುವ ಗಾಳಿಯನ್ನು ಭೂಮಿಯ ತಿರುಗಾಟ ಒಂದು ಪಕ್ಕಕ್ಕೆ ಬಾಗಿಸುತ್ತದೆ. ಚಕ್ರ ತಿರುಗಲು ಇಷ್ಟು ಸಾಕು. 2021ರ ಮೇ ತಿಂಗಳಲ್ಲಿ ನಮ್ಮ ಕರಾವಳಿಯನ್ನು ಸವರಿಕೊಂಡು ಹೋದ ತೌಕ್ತೆ ಇದೇ ಊಟ ಉಂಡು ಬೆಳೆದದ್ದು. ಮೇ 17ರ ರಾತ್ರಿ ಅದು ಗುಜರಾತಿನ ನೆಲ ಹತ್ತಿತು. ನೆಲ ಹತ್ತಿದ ಮೇಲೆ ಆವಿ ಇಲ್ಲ. ಗುಡ್ಡ, ಮರ, ಊರುಗಳಿಗೆ ಉಜ್ಜುವುದು ಮಾತ್ರ ಇದೆ. ಊಟ ತಪ್ಪಿ, ಸವೆತ ಹೆಚ್ಚಿದ ಬಿರುಗಾಳಿ ಎಷ್ಟು ದಿನ ಬಾಳೀತು?

ನೆಲಕ್ಕೆ ಹೆಚ್ಚು ತಾಗದೆ ಕಡಲ ಮೇಲೇ ಓಡಾಡಿದರೆ ಆಯುಸ್ಸು ಹೆಚ್ಚು. 2023ರ ಫೆಬ್ರವರಿಯಲ್ಲಿ ಆಸ್ಟ್ರೇಲಿಯಾದ ಬಳಿ ಹುಟ್ಟಿದ ಫ್ರೆಡ್ಡಿ ಇಡೀ ಹಿಂದೂ ಮಹಾಸಾಗರವನ್ನು ಅಡ್ಡ ದಾಟಿ ಮಡಗಾಸ್ಕರ್ ಮತ್ತು ಮೊಜಾಂಬಿಕ್‌ಗಳ ಮೇಲೆರಗಿತು. ಮತ್ತೆ ನೀರಿಗಿಳಿದು ಚೇತರಿಸಿಕೊಂಡು, ಮಾರ್ಚಿನಲ್ಲಿ ಮೊಜಾಂಬಿಕ್‌ಗೆ ಎರಡನೇ ಸಲ ಅಪ್ಪಳಿಸಿತು. ಮಲಾವಿ ದೇಶವೊಂದರಲ್ಲೇ ಸತ್ತವರು, ಕಾಣೆಯಾದವರು ಸೇರಿ ಸಾವಿರ ದಾಟಿದರು. ಅದರ ಬದುಕು 36 ದಿನ ಎಂದು ವಿಶ್ವ ಹವಾಮಾನ ಸಂಸ್ಥೆ ಲೆಕ್ಕ ಹಾಕಿದೆ. ಉಷ್ಣವಲಯದ ಚಂಡಮಾರುತಗಳಲ್ಲಿ ಇದೇ ದಾಖಲೆ. ಮುನ್ನೂರು ವರ್ಷ ಬೇಕೆಂದವಳಿಗೆ ಮೂವತ್ತಾರು ದಿನ ಹೇಳಿದರೆ ಮುಖ ಬಾಡದೆ ಇರುತ್ತದೆಯೇ?

ಆಗ ನಾನು ವೆನೆಜುವೆಲಾದ ಕಥೆ ಹೇಳಿದೆ.

ಆ ದೇಶದ ವಾಯವ್ಯ ಮೂಲೆಯಲ್ಲಿ ಮಾರಕಾಯಿಬೊ ಎಂಬ ಹಿರಿದಾದ ಸರೋವರವಿದೆ. ಹರವು ಸುಮಾರು 13,000 ಚದರ ಕಿಲೋಮೀಟರ್. ಉತ್ತರದಲ್ಲಿ ಮಾತ್ರ ಸಮುದ್ರದ ಕಡೆಗೆ ಬಾಯಿ ತೆರೆದುಕೊಂಡಿದೆ, ಉಳಿದ ಕಡೆಗಳಲ್ಲಿ ಆಂಡಿಸ್ ಪರ್ವತದ ಕವಲುಗಳು ಗೋಡೆ ಕಟ್ಟಿವೆ. ಕತತುಂಬೊ ನದಿ ಈ ಸರೋವರವನ್ನು ಸೇರುವ ಕಡೆ ವರ್ಷಕ್ಕೆ ಹೆಚ್ಚುಕಡಿಮೆ ಮುನ್ನೂರು ರಾತ್ರಿ ಮಿಂಚುತ್ತದೆ. ಮಿಂಚೆಂದರೆ ನಮ್ಮ ಮುಂಗಾರಿನ ಮೊದಲ ವಾರದ ಮಿಂಚಲ್ಲ. ಮೋಡದೊಳಗೆ ಯಾರೋ ಟ್ಯೂಬ್‌ಲೈಟ್ ಹಾಕಿ ಆರಿಸಿ ಮಾಡುತ್ತಿರುವ ಹಾಗೆ ಗಂಟೆಗಟ್ಟಲೆ ಬಿಡುವಿಲ್ಲದೆ ನಡೆಯುತ್ತದೆ. ದೂರದಿಂದ ನೋಡುವವರಿಗೆ ಗುಡುಗು ಕೇಳಿಸುವುದಿಲ್ಲ, ಬೆಳಕಷ್ಟೇ. ಕೆರಿಬಿಯನ್ ಕಡಲಿನ ನಾವಿಕರು ಅದನ್ನು ನೋಡಿ ದಿಕ್ಕು ಹಿಡಿಯುತ್ತಿದ್ದರಂತೆ; ಮಾರಕಾಯಿಬೊದ ದೀಪಸ್ತಂಭ ಎಂಬ ಹೆಸರು ಹಾಗೆ ಬಂತು. ಅಲ್ಲಿನ ಸೂಲಿಯಾ ರಾಜ್ಯದ ಬಾವುಟದ ಮೇಲೂ ಮಿಂಚಿದೆ. ಸರೋವರದ ನೀರಿನಲ್ಲಿ ಕಂಬ ನೆಟ್ಟು ಮನೆ ಕಟ್ಟಿಕೊಂಡ ಮೀನುಗಾರರ ಊರುಗಳು ಅಲ್ಲಿವೆ. ಆ ಮನೆಗಳಲ್ಲಿ ಬೆಳೆಯುವ ಮಗುವಿಗೆ ಮಿಂಚಿಲ್ಲದ ರಾತ್ರಿಯೇ ವಿಶೇಷ.

1998ರಿಂದ 2013ರವರೆಗೆ ಒಂದು ಉಪಗ್ರಹ ಭೂಮಿಯ ಉಷ್ಣವಲಯದ ಮಿಂಚುಗಳನ್ನೆಲ್ಲ ಮೇಲಿನಿಂದ ಲೆಕ್ಕ ಮಾಡಿತು. 2016ರಲ್ಲಿ ಆ ಲೆಕ್ಕ ಪ್ರಕಟವಾದಾಗ ಮೊದಲ ಸ್ಥಾನ ಮಾರಕಾಯಿಬೊಗೆ ಸಂದಿತು: ಪ್ರತಿ ಚದರ ಕಿಲೋಮೀಟರಿಗೆ ವರ್ಷಕ್ಕೆ ಸರಾಸರಿ 233 ಮಿಂಚು.

ಇದರ ಊಟ ಎಲ್ಲಿಂದ? ಜೌಗಿನಿಂದ ಏಳುವ ಮೀಥೇನ್ ಅನಿಲವೇ ಕಾರಣ ಎಂಬ ವಾದ ಬಹಳ ಕಾಲ ಚಾಲ್ತಿಯಲ್ಲಿತ್ತು. ಈಗ ಅದಕ್ಕೆ ಬಲವಿಲ್ಲ. ಆ ಜಾಗದ ಆಕಾರವನ್ನು ನೋಡಿದರೆ ಮೀಥೇನ್ ಬೇಕೇ ಆಗುವುದಿಲ್ಲ ಎಂದು ನನಗೂ ಅನ್ನಿಸುತ್ತದೆ. ಹಗಲೆಲ್ಲ ಬಿಸಿಲು ಕಾಯುತ್ತದೆ, ಸರೋವರದಿಂದ ಆವಿ ಏಳುತ್ತದೆ. ಸಂಜೆಯ ನಂತರ ಬೆಟ್ಟಗಳು ಬೇಗ ತಣಿಯುತ್ತವೆ, ನೀರು ತಣಿಯುವುದಿಲ್ಲ. ತಣಿದು ಭಾರವಾದ ಗಾಳಿ ಇಳಿಜಾರುಗಳಿಂದ ಕೆಳಕ್ಕೆ ಜಾರಿ ಬಂದು ಸರೋವರದ ಮೇಲೆ ಕೂಡುತ್ತದೆ. ಅದೇ ಹೊತ್ತಿಗೆ ಉತ್ತರದ ಬಾಯಿಯಿಂದ ಕೆರಿಬಿಯನ್ನಿನ ಬೆಚ್ಚಗಿನ ಒದ್ದೆ ಗಾಳಿ ತಗ್ಗಿನಲ್ಲಿ ಹರಿದು ಒಳನುಗ್ಗುತ್ತದೆ. ಬೇರೆ ಬೇರೆ ದಿಕ್ಕಿನಿಂದ ಬಂದ ಗಾಳಿಗೆ ಹೋಗಲು ಮೇಲೆ ಬಿಟ್ಟರೆ ಜಾಗವಿಲ್ಲ. ನಡುರಾತ್ರಿಯ ಆಸುಪಾಸಿಗೆ ಮೋಡಗಳು ಗೋಪುರವಾಗಿ ಎದ್ದು ನಿಂತಿರುತ್ತವೆ.

2010ರ ಜನವರಿಯಿಂದ ಮಾರ್ಚ್‌ವರೆಗೆ ಆ ಮಿಂಚು ನಿಂತುಹೋಗಿತ್ತು. ಎಲ್ ನಿನ್ಯೊ ವರ್ಷ, ತೀವ್ರ ಬರ. ಗಾಳಿಯಲ್ಲಿ ತೇವವಿಲ್ಲ, ಆದ್ದರಿಂದ ಊಟವಿಲ್ಲ. ಬರ ತೀರಿದ ಮೇಲೆ ಬೆಳಕು ಮರಳಿತು. ಆ ಕೆಲವು ವಾರ ನಮಗೊಂದು ಗುಟ್ಟು ಬಿಟ್ಟುಕೊಡುತ್ತವೆ. ಕತತುಂಬೊ ಎಂಬುದು ಒಂದೇ ಬಿರುಗಾಳಿಯಲ್ಲ. ಪ್ರತಿ ರಾತ್ರಿ ಹುಟ್ಟಿ ಬೆಳಗಾಗುವಷ್ಟರಲ್ಲಿ ಸಾಯುವ ನೂರಾರು ಬಿರುಗಾಳಿಗಳ ಒಟ್ಟು ಹೆಸರು. ಬಯಲಾಟದ ಹಾಗೆ: ರಂಗಸ್ಥಳ ಅದೇ, ಆಟ ಪ್ರತಿ ರಾತ್ರಿ ಹೊಸದು.

"ಹಾಗಲ್ಲ. ನನಗೆ ಒಂದೇ ಬೇಕು. ಅದೇ ಗಾಳಿ, ಮುನ್ನೂರು ವರ್ಷ," ಎಂದಳು ಹುಡುಗಿ.

ಅದು ಬೇಕಾದರೆ ಭೂಮಿ ಬಿಡಬೇಕು.

ಗುರುಗ್ರಹದ ಮಹಾ ಕೆಂಪು ಮಚ್ಚೆಯನ್ನು ನಾನು ಕಣ್ಣಾರೆ ನೋಡಿದ್ದು ಒಂದೇ ಸಲ, ಗೆಳತಿಯೊಬ್ಬಳ ಮನೆಯ ತಾರಸಿಯಲ್ಲಿ, ಎಂಟು ಇಂಚಿನ ದೂರದರ್ಶಕದಲ್ಲಿ. ಫೋಟೋಗಳಲ್ಲಿ ಕುಂಕುಮದಂತೆ ಕಾಣುವ ಬಣ್ಣವನ್ನು ಹುಡುಕುತ್ತಿದ್ದ ನನಗೆ ಮೊದಲ ಹತ್ತು ನಿಮಿಷ ಏನೂ ಕಾಣಲಿಲ್ಲ. ಗಾಳಿ ಒಂದು ಕ್ಷಣ ತಿಳಿಯಾಯಿತು. ದಕ್ಷಿಣದ ಕಂದು ಪಟ್ಟಿಯ ಅಂಚು ಒಂದು ಕಡೆ ಕಚ್ಚಿದಂತೆ ಒಳಸರಿದಿತ್ತು. ಆ ಗುಳಿಯೊಳಗೆ ಕೆಂಪು ಸೀಬೆಹಣ್ಣಿನ ತಿರುಳಿನ ಬಣ್ಣದ, ತೀರ ಮಂಕಾದ ಒಂದು ಅಂಡಾಕಾರ ಕುಳಿತಿತ್ತು. ಭೂಮಿಗಿಂತ ಅಗಲವಾದ ಬಿರುಗಾಳಿ ಅದು. ಗುರು ಹತ್ತು ಗಂಟೆಯೊಳಗೆ ಒಂದು ಸುತ್ತು ತಿರುಗಿಬಿಡುವುದರಿಂದ, ನಾವು ಕಾಫಿ ಕುಡಿದು ಮತ್ತೆ ಕಣ್ಣಿಡುವಷ್ಟರಲ್ಲಿ ಅದು ಅಂಚಿನ ಕಡೆಗೆ ಸರಿದಿತ್ತು.

ಅದನ್ನು ಮೊದಲು ನೋಡಿದವರು ಯಾರು ಎಂಬುದು ಕೇಳಿಸುವಷ್ಟು ಸರಳ ಪ್ರಶ್ನೆಯಲ್ಲ. ಜೊವಾನಿ ಕ್ಯಾಸಿನಿ 1665ರಲ್ಲಿ ಗುರುವಿನ ಮೇಲೆ ಒಂದು ಮಚ್ಚೆಯನ್ನು ಕಂಡು, ಅದು ಬಿಟ್ಟು ಬಿಟ್ಟು ಮರಳುವುದನ್ನು ಗಮನಿಸಿ, ಅದಕ್ಕೆ ಶಾಶ್ವತ ಮಚ್ಚೆ ಎಂದು ಹೆಸರಿಟ್ಟ. 1711ರಲ್ಲಿ ದೊನಾತೊ ಕ್ರೇತಿ ಎಂಬ ಇಟಲಿಯ ಚಿತ್ರಕಾರ ಗ್ರಹಗಳ ವೀಕ್ಷಣೆಯ ಚಿತ್ರಮಾಲೆ ಬರೆದ. ಈಗ ವ್ಯಾಟಿಕನ್ನಿನಲ್ಲಿರುವ ಆ ಮಾಲೆಯ ಒಂದು ಚಿತ್ರದಲ್ಲಿ ಗುರುವಿನ ಮೇಲೆ ಕೆಂಪು ಬೊಟ್ಟಿದೆ. 1713ರ ನಂತರ ದಾಖಲೆ ನಿಲ್ಲುತ್ತದೆ. ನೂರಕ್ಕೂ ಮಿಕ್ಕ ವರ್ಷ ಯಾರೂ ಮಚ್ಚೆಯ ಮಾತೆತ್ತಲಿಲ್ಲ, ದೂರದರ್ಶಕಗಳು ಉತ್ತಮಗೊಳ್ಳುತ್ತಿದ್ದರೂ ಕೂಡ. 1831ರಲ್ಲಿ ಜರ್ಮನಿಯ ಶ್ವಾಬೆ ಬರೆದ ಚಿತ್ರದಲ್ಲಿ ಆ ಗುಳಿ ಮತ್ತೆ ಕಾಣಿಸುತ್ತದೆ. 1870ರ ದಶಕದ ಕೊನೆಯಿಂದ ಈವರೆಗೆ ಯಾರಾದರೊಬ್ಬರ ಕಣ್ಣು ಅದರ ಮೇಲೆ ಇದ್ದೇ ಇದೆ.

ಆದ್ದರಿಂದಲೇ ಬಹುಕಾಲ ಪುಸ್ತಕಗಳಲ್ಲಿ "ಮುನ್ನೂರೈವತ್ತು ವರ್ಷದ ಬಿರುಗಾಳಿ" ಎಂದು ಬರೆಯುತ್ತಿದ್ದರು. ನಾನೂ ಹಾಗೆಯೇ ಓದಿ ಬೆಳೆದೆ. ಸ್ಪೇನಿನ ಅಗುಸ್ತಿನ್ ಸಾಂಚೆಸ್-ಲಾವೆಗಾ ಮತ್ತು ಸಂಗಡಿಗರು ಹಳೆಯ ಚಿತ್ರಗಳನ್ನೆಲ್ಲ ಅಳೆದು ನೋಡಿ 2024ರಲ್ಲಿ ಬೇರೆಯೇ ತೀರ್ಮಾನಕ್ಕೆ ಬಂದರು. ಕ್ಯಾಸಿನಿ ಕಂಡ ಮಚ್ಚೆ ಇಂದಿನದಕ್ಕಿಂತ ಬಹಳ ಚಿಕ್ಕದು. ಅದು ಸತ್ತುಹೋಗಿ, ನಂತರ ಅದೇ ಅಕ್ಷಾಂಶದಲ್ಲಿ ಇನ್ನೊಂದು ಹುಟ್ಟಿರಬೇಕು. ಈಗಿನ ಮಚ್ಚೆಗೆ ಕನಿಷ್ಠ 190 ವರ್ಷ. ಆ ಲೇಖನ ಓದಿದ ದಿನ ನನಗೆ ಸಣ್ಣ ನೋವಾದದ್ದು ನಿಜ. ಆದರೆ ಈಗ ನನಗೆ ಈ ಕಥೆಯೇ ಹೆಚ್ಚು ಇಷ್ಟ. ಸಾಯಬಲ್ಲ ಬಿರುಗಾಳಿ ಇನ್ನೂರು ವರ್ಷ ಬಾಳಿದೆ ಎಂದರೆ, ಅದನ್ನು ಬಾಳಿಸಿದ್ದು ಏನು ಎಂದು ಕೇಳಲು ಅರ್ಥವಿದೆ.

ಸವೆತದ ಲೆಕ್ಕ ಮೊದಲು. ಗುರುವಿಗೆ ನೆಲವಿಲ್ಲ. ಹೈಡ್ರೋಜನ್ ಮತ್ತು ಹೀಲಿಯಂ ತುಂಬಿದ ಗೋಳ ಅದು. ಒಳಗೆ ಹೋದಷ್ಟೂ ಒತ್ತಡ ಏರಿ ಅನಿಲ ದ್ರವದಂತೆ ಆಗುತ್ತದೆ, ಆದರೆ ಬಿರುಗಾಳಿ ಎಡವಿ ಬೀಳುವಂಥ ಗುಡ್ಡ, ಕಾಡು, ಕರಾವಳಿ ಯಾವುದೂ ಇಲ್ಲ. ನಮ್ಮ ಪಾತ್ರೆಯ ತಳವನ್ನೇ ತೆಗೆದುಬಿಟ್ಟ ಹಾಗೆ. ಜೂನೊ ನೌಕೆ 2017ರ ಜುಲೈನಲ್ಲಿ ಮಚ್ಚೆಯ ಮೇಲೆ ಹಾದುಹೋಯಿತು. ಆ ಹಾದಿಯಲ್ಲೂ ಆಮೇಲೂ ಅಳೆದ ಸೂಕ್ಷ್ಮತರಂಗ ಮತ್ತು ಗುರುತ್ವದ ಲೆಕ್ಕಗಳು, ಮಚ್ಚೆಯ ಬೇರು ಮೋಡಗಳ ಕೆಳಗೆ 300ರಿಂದ 500 ಕಿಲೋಮೀಟರ್ ಇಳಿದಿದೆ ಎಂದು ತೋರಿಸಿದವು. ಅಷ್ಟು ಆಳವೇ ಎಂದು ಬೆರಗಾಗಬಹುದು. ಅಗಲಕ್ಕೆ ಹೋಲಿಸಿದರೆ ಅದು ತೆಳುವೇ. ಮಚ್ಚೆಯನ್ನು ಒಂದಡಿ ಅಗಲದ ದೋಸೆಗೆ ಇಳಿಸಿದರೆ ಅದರ ದಪ್ಪ ಸುಮಾರು ಒಂದು ಸೆಂಟಿಮೀಟರ್.

ಈ ತೆಳುತನವೂ ಗುರುವಿನ ವೇಗದ ತಿರುಗಾಟವೂ ಸೇರಿ ಒಂದು ವಿಚಿತ್ರ ನಿಯಮವನ್ನು ಹುಟ್ಟಿಸುತ್ತವೆ. ನಮ್ಮ ಪಾತ್ರೆಯಲ್ಲಿ ದೊಡ್ಡ ಸುಳಿ ಒಡೆದು ಚಿಕ್ಕವಾಗುತ್ತದೆ, ಚಿಕ್ಕವು ಇನ್ನೂ ಚಿಕ್ಕವಾಗಿ ಕೊನೆಗೆ ಬಿಸಿಯಾಗುತ್ತವೆ. ಅಗಲವಾಗಿ ಹರಡಿ, ವೇಗವಾಗಿ ತಿರುಗುವ ತೆಳು ಪದರದಲ್ಲಿ ಇದು ತಲೆಕೆಳಗು. ಒಂದೇ ದಿಕ್ಕಿಗೆ ಸುತ್ತುವ ಎರಡು ಸುಳಿಗಳು ಎದುರಾದರೆ ಕೂಡಿ ಒಂದಾಗುತ್ತವೆ. ಚಿಕ್ಕವು ದೊಡ್ಡದಕ್ಕೆ ಊಟವಾಗುತ್ತವೆ. 1988ರಲ್ಲಿ ಇದನ್ನು ಎರಡು ಕಡೆ ಮಾಡಿ ತೋರಿಸಿದರು. ಬರ್ಕ್ಲಿಯ ಫಿಲಿಪ್ ಮಾರ್ಕಸ್ ಕಂಪ್ಯೂಟರಿನಲ್ಲಿ; ಟೆಕ್ಸಾಸಿನ ಆಸ್ಟಿನ್‌ನಲ್ಲಿ ಹ್ಯಾರಿ ಸ್ವಿನಿ ಮತ್ತು ಜೊತೆಗಾರರು ನಿಜವಾದ ನೀರಿನಲ್ಲಿ, ತಿರುಗುವ ದುಂಡನೆಯ ತೊಟ್ಟಿಯಲ್ಲಿ. ನೀರನ್ನು ಒಂದು ಕಡೆಯಿಂದ ಒಳಹಾಯಿಸಿ ಇನ್ನೊಂದು ಕಡೆಯಿಂದ ಹೀರುತ್ತಿದ್ದರೆ ತೊಟ್ಟಿಯಲ್ಲಿ ಹಲವು ಸುಳಿಗಳೇಳುತ್ತಿದ್ದವು. ಹೊತ್ತು ಹೋದಂತೆ ಅವು ಒಂದನ್ನೊಂದು ನುಂಗಿ, ಕಡೆಗೆ ಒಂದೇ ದೊಡ್ಡ ಸುಳಿ ಉಳಿಯುತ್ತಿತ್ತು. ಪಂಪು ನಡೆಯುತ್ತಿರುವ ತನಕ ಅದು ಸಾಯುತ್ತಿರಲಿಲ್ಲ.

ಗುರುವಿನಲ್ಲಿ ಪಂಪು ಯಾವುದು? ಗ್ರಹದ ಒಡಲ ಬಿಸಿ. ಹುಟ್ಟಿದಾಗ ಕೂಡಿಟ್ಟ ಶಾಖವನ್ನು ಗುರು ಇಂದಿಗೂ ನಿಧಾನವಾಗಿ ಕುಗ್ಗುತ್ತ ಹೊರಚೆಲ್ಲುತ್ತಿದೆ. ಸೂರ್ಯನಿಂದ ಪಡೆಯುವುದರ ಹೆಚ್ಚುಕಡಿಮೆ ಎರಡರಷ್ಟನ್ನು ಅದು ಬಾಹ್ಯಾಕಾಶಕ್ಕೆ ಬಿಡುತ್ತದೆ. ಒಳಗಿನ ಈ ಬಿಸಿ ಗುಡುಗುಮೋಡಗಳನ್ನು ಎಬ್ಬಿಸುತ್ತದೆ, ಗುಡುಗುಮೋಡಗಳಿಂದ ಚಿಕ್ಕ ಸುಳಿಗಳು, ಅವುಗಳಿಂದ ಮಚ್ಚೆಗೆ ತುತ್ತು. ಇದಲ್ಲದೆ ಮಚ್ಚೆಯನ್ನು ಇಕ್ಕೆಲದಲ್ಲೂ ಹಿಡಿದುಕೊಂಡ ಎರಡು ಗಾಳಿಹೊಳೆಗಳಿವೆ. ಉತ್ತರದ್ದು ಪಶ್ಚಿಮಕ್ಕೆ, ದಕ್ಷಿಣದ್ದು ಪೂರ್ವಕ್ಕೆ ಹರಿಯುತ್ತದೆ. ಹೂಬತ್ತಿ ಹೊಸೆಯುವಾಗ ಒಂದು ಅಂಗೈ ಮುಂದೆ, ಇನ್ನೊಂದು ಹಿಂದೆ ಹೋಗುತ್ತದಲ್ಲ, ನಡುವಿನ ಹತ್ತಿ ಜಾಗ ಬಿಡದೆ ಉರುಳುತ್ತದಲ್ಲ, ಹಾಗೆ.

ಇಲ್ಲಿ ಹುಡುಗಿಯ ಕಣ್ಣು ಅರಳುವ ಸಂಗತಿಯೊಂದಿತ್ತು. ನಮ್ಮ ಚಂಡಮಾರುತದ ನಡುವೆ ಒತ್ತಡ ಕಡಿಮೆ. ಮಚ್ಚೆಯ ನಡುವೆ ಹೆಚ್ಚು. ಗಂಟೆಗೆ 400 ಕಿಲೋಮೀಟರ್ ಮೀರಿದ ಗಾಳಿ ಬೀಸುವುದು ಅದರ ಅಂಚಿನಲ್ಲಿ. ನಡುವಿನ ವಿಶಾಲ ಪ್ರದೇಶದಲ್ಲಿ ಗಾಳಿ ತೀರ ಮೆಲ್ಲಗೆ. ಅವಳ ನಕಾಶೆಯಲ್ಲೂ ರಾಜ್ಯ ಇದ್ದದ್ದು ನಡುವೆಯೇ.

"ಆದರೆ ನಿನ್ನ ಬೆಟ್ಟಗಳನ್ನು ಏನು ಮಾಡ್ತೀಯ?" ಎಂದೆ. ನಡುವೆ ಬೆಟ್ಟಸಾಲಿದ್ದರೆ ಬಿರುಗಾಳಿ ಅದಕ್ಕೆ ಉಜ್ಜಿ ಉಜ್ಜಿ ವಾರದಲ್ಲಿ ಸವೆಯುತ್ತದೆ. ರಾಜ್ಯ ಗಾಳಿಯಲ್ಲೇ ತೇಲಬೇಕು. ಹಯಾವೊ ಮಿಯಾಜಾಕಿ ತಮ್ಮ 1986ರ ಲಪುಟಾ ಸಿನಿಮಾದಲ್ಲಿ ಮಾಡಿದ್ದು ಅದನ್ನೇ: ಕೋಟೆ ಆಕಾಶದಲ್ಲಿ, ಸುತ್ತ ಯಾವತ್ತೂ ಬಿಡದ ಬಿರುಗಾಳಿ, ಒಳಗೆ ಹುಲ್ಲು ಬೆಳೆದ ಪ್ರಶಾಂತ ಅಂಗಳ. ಅವಳು ಆ ಸಿನಿಮಾ ನೋಡಿರಲಿಲ್ಲ. ಬೆಟ್ಟಗಳನ್ನು ರಬ್ಬರಿನಿಂದ ಅಳಿಸಲು ಹೋದಳು; ಪೆನ್ನಿನಲ್ಲಿ ಬರೆದದ್ದು, ಅಳಿಸಲಿಲ್ಲ. ಹೊಸ ಹಾಳೆ ತೆಗೆದಳು.

ಮಚ್ಚೆ ಕೆಂಪಾಗಿರುವುದು ಯಾಕೆ ಎಂಬುದಕ್ಕೆ ಒಪ್ಪಿತವಾದ ಉತ್ತರ ಇನ್ನೂ ಇಲ್ಲ. ಎತ್ತರದ ಮೋಡಗಳಲ್ಲಿ ಅಮೋನಿಯ ಮತ್ತು ಅಸಿಟಿಲೀನ್ ಅನಿಲಗಳು ಸೂರ್ಯನ ನೇರಳಾತೀತ ಕಿರಣಕ್ಕೆ ಒಡೆದು ಕೂಡಿ ಕೆಂಪು ವಸ್ತುವಾಗುತ್ತವೆ ಎಂಬುದು ಪ್ರಯೋಗಾಲಯದ ಬೆಂಬಲವಿರುವ ಒಂದು ಊಹೆ. ಅದನ್ನು ಅಷ್ಟಕ್ಕೇ ಬಿಡುತ್ತೇನೆ, ಯಾಕೆಂದರೆ ನನ್ನನ್ನು ಕಾಡುವ ವಿಷಯ ಬಣ್ಣವಲ್ಲ, ಅಳತೆ.

ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಮಚ್ಚೆಯ ಅಗಲ ಸುಮಾರು 40,000 ಕಿಲೋಮೀಟರ್ ಇತ್ತು. ಮೂರು ಭೂಮಿಗಳನ್ನು ಸಾಲಾಗಿ ಇಡಬಹುದಿತ್ತು. 1979ರಲ್ಲಿ ವಾಯೇಜರ್ ನೌಕೆಗಳು ಅಳೆದಾಗ 23,000. 2014ರಲ್ಲಿ ಹಬಲ್ ದೂರದರ್ಶಕದ ಲೆಕ್ಕ 16,500. ಆಮೇಲೂ ಕುಗ್ಗಿದೆ. ಉದ್ದನೆಯ ಸೌತೆಕಾಯಿಯಂತಿದ್ದದ್ದು ಈಗ ದುಂಡಗಾಗುತ್ತಿದೆ. 2019ರಲ್ಲಿ ಅದರ ಅಂಚಿನಿಂದ ಕೆಂಪು ಚೂರುಗಳು ಹೆಕ್ಕಳಿಕೆಯಂತೆ ಕಿತ್ತು ಹೋಗುವುದನ್ನು ಹವ್ಯಾಸಿ ವೀಕ್ಷಕರು ಫೋಟೋ ಹಿಡಿದರು. 2023ರ ಡಿಸೆಂಬರಿನಿಂದ 2024ರ ಮಾರ್ಚ್‌ವರೆಗೆ ಹಬಲ್ ಬಿಡದೆ ಗಮನಿಸಿದಾಗ, ಮಚ್ಚೆ 90 ದಿನಗಳ ಲಯದಲ್ಲಿ ಉಬ್ಬಿ ಕುಗ್ಗುವುದು ಕಂಡಿತು.

ಅದು ಸಾಯುತ್ತಿದೆಯೇ? ನೆಪ್ಚೂನಿನ ಮೇಲೆ ವಾಯೇಜರ್-2 1989ರಲ್ಲಿ ಕಂಡಿದ್ದ ಭೂಮಿಯಷ್ಟು ದೊಡ್ಡ ಕಪ್ಪು ಮಚ್ಚೆ, 1994ರಲ್ಲಿ ಹಬಲ್ ನೋಡುವಾಗ ಇರಲೇ ಇಲ್ಲ. ಗುರುವಿನಲ್ಲೇ 1939ರ ಹೊತ್ತಿಗೆ ಹುಟ್ಟಿದ ಮೂರು ಬಿಳಿ ಮಚ್ಚೆಗಳು ಅರವತ್ತು ವರ್ಷ ಜೊತೆಯಲ್ಲಿ ಸುತ್ತಿ, 1998 ಮತ್ತು 2000ದಲ್ಲಿ ಕೂಡಿ ಒಂದಾದವು. ಕೆಲವು ವರ್ಷಗಳಲ್ಲಿ ಆ ಒಂದು ತಾನೂ ಕೆಂಪಾಯಿತು. ಗ್ರಹಗಳ ಮೇಲೆ ಹುಟ್ಟು ಸಾವು ಎರಡೂ ನಡೆಯುತ್ತಿರುತ್ತವೆ. ಹಳೆಯ ಸಿದ್ಧಾಂತದ ಲೆಕ್ಕಾಚಾರದಂತೆ ಮಚ್ಚೆ ಕೆಲವೇ ದಶಕಗಳಲ್ಲಿ ಆರಿಹೋಗಬೇಕಿತ್ತು. ಮಾರ್ಕಸ್ ಮತ್ತು ಪೆದ್ರಾಮ್ ಹಸನ್‌ಜಾದೆ 2013ರಲ್ಲಿ ಮುಂದಿಟ್ಟ ಉತ್ತರದ ಪ್ರಕಾರ, ಮೇಲಕ್ಕೂ ಕೆಳಕ್ಕೂ ಹರಿಯುವ ಗಾಳಿಯನ್ನು ಆ ಲೆಕ್ಕದಲ್ಲಿ ಬಿಟ್ಟಿದ್ದರು. ಆ ಹರಿವು ಚಿಕ್ಕದು, ಆದರೆ ಕಳೆದುಕೊಂಡ ಶಕ್ತಿಯನ್ನು ಸುತ್ತಲಿನಿಂದ ಎಳೆದು ತುಂಬಿಕೊಡಲು ಸಾಕು.

ನನಗೆ ಹೆಚ್ಚು ಒಪ್ಪಿಗೆಯಾದದ್ದು 2024ರಲ್ಲಿ ಯೇಲ್‌ನ ಕೇಲಬ್ ಕೀವ್ನಿ ಮತ್ತು ಸಂಗಡಿಗರು ಮಾಡಿದ ಕೆಲಸ. ಅವರು ಮಚ್ಚೆಯನ್ನು ಕಂಪ್ಯೂಟರಿನಲ್ಲಿ ಎರಡು ಬಗೆಯಾಗಿ ಓಡಿಸಿದರು: ಒಮ್ಮೆ ಚಿಕ್ಕ ಸುಳಿಗಳ ಊಟ ಕೊಟ್ಟು, ಒಮ್ಮೆ ಕೊಡದೆ. ಊಟ ಸಿಕ್ಕ ಮಚ್ಚೆ ದೊಡ್ಡದಾಗಿ ಉಳಿಯಿತು, ಸಿಗದ್ದು ಕುಗ್ಗಿತು. ಹಾಗಾದರೆ ಈಗಿನ ಕುಗ್ಗುವಿಕೆಗೆ ಕಾರಣ ಹುಡುಕುವಾಗ ಮಚ್ಚೆಯನ್ನಷ್ಟೇ ನೋಡಿದರೆ ಸಾಲದು, ಅದರ ಕಡೆಗೆ ತೇಲಿ ಬರುವ ಚಿಕ್ಕ ಸುಳಿಗಳನ್ನೂ ಎಣಿಸಬೇಕು. ಆ ಎಣಿಕೆಗೆ ಬೇಕಾದ ಚಿತ್ರಗಳಲ್ಲಿ ಎಷ್ಟೋ ಬರುವುದು ಮನೆಯಂಗಳದಲ್ಲಿ, ತಾರಸಿಯಲ್ಲಿ ದೂರದರ್ಶಕ ಇಟ್ಟುಕೊಂಡವರಿಂದ. ಗುರು ಕಾಣುವ ರಾತ್ರಿಗಳಲ್ಲಿ ಪ್ರಪಂಚದ ಯಾವುದೋ ಮೂಲೆಯಲ್ಲಿ ಒಬ್ಬರು ಎಚ್ಚರವಿರುತ್ತಾರೆ.

ಇದನ್ನು ಹೇಳಿದ್ದೇ ತಡ, ಹುಡುಗಿ ನೋಟ್‌ಬುಕ್ಕು ಎತ್ತಿಕೊಂಡು ಒಳಗೆ ಹೋದಳು. ರಜೆ ಮುಗಿಸಿ ಊರಿಗೆ ಹೊರಡುವ ಹಿಂದಿನ ರಾತ್ರಿ ಓದಲು ಕೊಟ್ಟಳು. ಮುದುಕಿ ಇದ್ದಳು, ಶಾಪ ಇರಲಿಲ್ಲ. ತೇಲುವ ರಾಜ್ಯದ ಅತಿ ಎತ್ತರದ ಗೋಪುರದಲ್ಲಿ ಆ ಮುದುಕಿಗೆ ಈಗ ಕೆಲಸವಿದೆ. ಪ್ರತಿ ರಾತ್ರಿ ದೊಡ್ಡ ಗಾಳಿಯೊಳಗೆ ಎಷ್ಟು ಚಿಕ್ಕ ಗಾಳಿಗಳು ಬಂದು ಸೇರಿದವು ಎಂದು ಎಣಿಸಿ ಲೆಕ್ಕದ ಪುಸ್ತಕದಲ್ಲಿ ಬರೆಯುತ್ತಾಳೆ. ಪುಟಗಳ ಅಂಚಿನಲ್ಲಿ ಆ ಸಂಖ್ಯೆಗಳನ್ನೂ ಬರೆದಿದ್ದಳು: ಹನ್ನೊಂದು, ಒಂಬತ್ತು, ಒಂಬತ್ತು, ನಾಲ್ಕು. ಕೊನೆಯ ಪುಟದಲ್ಲಿ ಮುದುಕಿ ದೀಪ ಹತ್ತಿರಕ್ಕೆ ಎಳೆದುಕೊಂಡು, ಲೆಕ್ಕದ ಪುಸ್ತಕ ತೆರೆದು, "ಇವತ್ತು ಒಂದೂ ಬರಲಿಲ್ಲ" ಎಂದು ಬರೆದು, ಕಿಟಕಿಯ ಹೊರಗೆ ಕಿವಿಗೊಟ್ಟು ಕುಳಿತಿದ್ದಳು.